ಕಾಯಿಲೆ ರಜೆ ಉದ್ದ ಆಯ್ತು ಅಂತ ಪಿಂಚಣಿ ಕಡಿಮೆ ಆಗುತ್ತಾ? ಆಫೀಸಿನಲ್ಲಿ ವಿಆರ್‌ಎಸ್ (ಸ್ವಯಂ ನಿವೃತ್ತಿ) ಬರೆದುಕೊಡಿ ಅಂತಿದ್ದಾರೆ

ತುಂಗೆಯ ದಡ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ನಮ್ಮ ಮನೆಯವರು ಕೇಂದ್ರ ಸರ್ಕಾರದ ನೌಕರರು. 1999ರ ಆಗಸ್ಟ್‌ನಲ್ಲಿ ಸೇರಿದ್ದು, ಹಾಗಾಗಿ ಹಳೇ ಪಿಂಚಣಿ. ವಯಸ್ಸು 52. ಹೋದ ವರ್ಷ ಸಂಕ್ರಾಂತಿ ಆಗಿ ಎರಡು ದಿನಕ್ಕೆ, ಬೆಳಿಗ್ಗೆ ಹಲ್ಲುಜ್ಜುವಾಗ ಬ್ರಷ್ ಕೈಯಿಂದ ಜಾರಿ ಬಿತ್ತು. ಎತ್ತಿಕೊಳ್ಳೋಕೆ ಬಗ್ಗಿದರು, ಬೆರಳು ಮಡಚಲೇ ಇಲ್ಲ. ಲಕ್ವ. ಬಲಗೈ, ಬಲಗಾಲು, ಮಾತು ಮೂರೂ ಹೋಯ್ತು. ಈಗ ಮಾತು ಬಂದಿದೆ, ಕೋಲು ಹಿಡಿದು ಓಡಾಡುತ್ತಾರೆ, ಬಲಗೈ ಬೆರಳು ಮಾತ್ರ ಪೆನ್ನು ಹಿಡಿಯೋದಿಲ್ಲ.

ರಜೆ ಲೆಕ್ಕ ಹೀಗಿದೆ. ಇಎಲ್ (ಗಳಿಕೆ ರಜೆ) 190 ದಿನ ಇತ್ತು, ಮುಗಿಯಿತು. ಹಾಫ್ ಪೇ ರಜೆ 240 ದಿನ ಇತ್ತು, ಅದನ್ನು ಕಮ್ಯುಟೆಡ್ ಮಾಡಿ 120 ದಿನ ಪೂರ್ತಿ ಸಂಬಳ ಕೊಟ್ಟರು, ಅದೂ ಮುಗಿಯಿತು. ಹೋದ ವರ್ಷ ನವೆಂಬರ್ ಕೊನೆಯಿಂದ ಸಂಬಳವೇ ಇಲ್ಲದ ಅಸಾಧಾರಣ ರಜೆ, ಅಂದರೆ ಇಒಎಲ್. ಅದರಲ್ಲಿ ಎಂಟು ತಿಂಗಳಿಗೆ ಡಾಕ್ಟರ ಸರ್ಟಿಫಿಕೇಟ್ ಇದೆ, ಮಂಜೂರಾತಿ ಆದೇಶವೂ ಇದೆ. ಮಧ್ಯದಲ್ಲಿ 41 ದಿನ ಮಾತ್ರ ಅರ್ಜಿಯೇ ಹೋಗಿಲ್ಲ. ಆಗ ಫಿಸಿಯೋಥೆರಪಿಗೆ ಅಂತ ಊರು ಬಿಟ್ಟು ಅಕ್ಕನ ಮನೆಯಲ್ಲಿ ಇದ್ದೆವು. ಹಳೇ ಸರ್ಟಿಫಿಕೇಟಿನ ಅವಧಿ ಮುಗಿದಿದ್ದನ್ನು ನಾನು ನೋಡಲಿಲ್ಲ. ಆ ತಪ್ಪು ನಂದೇ.

ಹೋದ ವಾರ ಆಫೀಸಿಗೆ ಹೋಗಿದ್ದೆ. ನಮ್ಮ ಫೈಲ್ ನೋಡುವವರು ಹೇಳಿದ್ದು: "ಇಒಎಲ್ ಅಂದ್ರೆ ಸರ್ವಿಸ್ ಬ್ರೇಕ್ ಆದಂಗೆ ಮೇಡಂ. ಹೀಗೇ ಎಳೆದರೆ ಪಿಂಚಣಿ ಅರ್ಧ ಹೋಗುತ್ತೆ. ಈಗಲೇ ವಿಆರ್‌ಎಸ್ ಬರೆದುಕೊಟ್ಟುಬಿಡಿ, ಇರೋದಾದ್ರೂ ಉಳಿಯುತ್ತೆ." ಟೈಪ್ ಮಾಡಿದ ಹಾಳೆಯನ್ನೂ ಕೈಗೆ ಕೊಟ್ಟು ಕಳಿಸಿದರು. ಅದು ಈಗ ಟೇಬಲ್ ಮೇಲೆ ಮಾತ್ರೆ ಡಬ್ಬಿ ಕೆಳಗಿದೆ. ಇವರು ಸಹಿ ಮಾಡೋಣ ಬಿಡು ಅಂತಿದ್ದಾರೆ. ನನಗೆ ಧೈರ್ಯ ಬರ್ತಿಲ್ಲ. ಮಗಳು ಪಿಯುಸಿ ಓದುತ್ತಿದ್ದಾಳೆ. ತಿಳಿದವರು ಹೇಳಿ.

ಲೆಕ್ಕದ ರಾಯರು

ಅಮ್ಮಾ, ಮೊದಲು ಆ ಹಾಳೆಯನ್ನು ಮಾತ್ರೆ ಡಬ್ಬಿ ಕೆಳಗಿಂದ ತೆಗೆದು ಬೀರುವಿನೊಳಗೆ ಇಡಿ. ಸಹಿ ಬೇಡ. ನಾನು ಅಕೌಂಟ್ಸ್‌ನಲ್ಲಿ ಮೂವತ್ತು ವರ್ಷ ಪಿಂಚಣಿ ಕಾಗದಗಳನ್ನೇ ನೋಡಿದವನು.

ನಿಮಗೆ ಹೇಳಿದ ಮಾತು ತಪ್ಪು. ಕೇಂದ್ರದ ಪಿಂಚಣಿ ನಿಯಮದಲ್ಲಿ ಸಂಬಳ ಸಿಗುವ ಎಲ್ಲಾ ರಜೆಯೂ ಪಿಂಚಣಿ ಸೇವೆಗೆ ಲೆಕ್ಕಕ್ಕೆ ಬರುತ್ತದೆ. ಇಎಲ್, ಹಾಫ್ ಪೇ, ಕಮ್ಯುಟೆಡ್ ಎಲ್ಲವೂ. ಸಂಬಳ ಇಲ್ಲದ ಅಸಾಧಾರಣ ರಜೆ ಕೂಡ ಡಾಕ್ಟರ ಸರ್ಟಿಫಿಕೇಟ್ ಮೇಲೆ ಕೊಟ್ಟಿದ್ದರೆ ಪೂರ್ತಿ ಲೆಕ್ಕಕ್ಕೆ ಬರುತ್ತದೆ. 1972ರ ನಿಯಮಾವಳಿಯಲ್ಲಿ ಇದು 21ನೇ ನಿಯಮ. 2021ರಲ್ಲಿ ಹೊಸ ನಿಯಮಾವಳಿ ಬಂತು, ಈ ವಿಷಯದ ಸಾರ ಬದಲಾಗಿಲ್ಲ. ಸ್ವಂತ ಕೆಲಸಕ್ಕೆ ಅಂತ ತೆಗೆದುಕೊಂಡ ಇಒಎಲ್ ಬೇರೆ, ಕಾಯಿಲೆಗೆ ತೆಗೆದುಕೊಂಡ ಇಒಎಲ್ ಬೇರೆ. ಎರಡಕ್ಕೂ ಹೆಸರು ಒಂದೇ ಆಗಿರೋದರಿಂದ ಆಫೀಸಿನವರೂ ಎಷ್ಟೋ ಸಲ ಗೊಂದಲ ಮಾಡಿಕೊಳ್ಳುತ್ತಾರೆ.

ಈಗ "ಅರ್ಧ ಹೋಗುತ್ತೆ" ಅನ್ನೋ ಮಾತು. ಕೇಂದ್ರ ನೌಕರರಿಗೆ 2006ರಿಂದ ಪೂರ್ತಿ ಪಿಂಚಣಿಗೆ 33 ವರ್ಷ ಬೇಕು ಅನ್ನೋದು ಇಲ್ಲ. ಹತ್ತು ವರ್ಷ ಅರ್ಹ ಸೇವೆ (ಪಿಂಚಣಿಗೆ ಲೆಕ್ಕಕ್ಕೆ ಬರುವ ಸೇವೆ) ಆಗಿದ್ದರೆ ಪಿಂಚಣಿ ಅಂದರೆ ಕೊನೆಯ ಬೇಸಿಕ್‌ನ ಅರ್ಧ, ಇಲ್ಲವಾದರೆ ಕೊನೆಯ ಹತ್ತು ತಿಂಗಳ ಸರಾಸರಿಯ ಅರ್ಧ. ಎರಡರಲ್ಲಿ ಯಾವುದು ಜಾಸ್ತಿಯೋ ಅದು. ನಿಮ್ಮವರಿಗೆ 26 ವರ್ಷ ಆಗಿದೆ. ಎಂಟು ತಿಂಗಳನ್ನು ಪೂರ್ತಿ ಕಳೆದರೂ ಪಿಂಚಣಿಯಲ್ಲಿ ಒಂದು ರೂಪಾಯಿ ಕಡಿಮೆ ಆಗೋದಿಲ್ಲ.

ವ್ಯತ್ಯಾಸ ಆಗೋದು ಗ್ರಾಚ್ಯುಟಿಯಲ್ಲಿ, ಅಂದರೆ ನಿವೃತ್ತಿ ಆಗುವಾಗ ಒಂದೇ ಸಲ ಕೊಡುವ ಹಣದಲ್ಲಿ. ಅದು ಪ್ರತಿ ಆರು ತಿಂಗಳ ಸೇವೆಗೆ ಬೇಸಿಕ್ ಮತ್ತು ಡಿಎ (ತುಟ್ಟಿಭತ್ಯೆ) ಸೇರಿಸಿದ ಮೊತ್ತದ ಕಾಲು ಭಾಗ. ನಿಮ್ಮವರ ಬೇಸಿಕ್ ಎಷ್ಟು?

ತುಂಗೆಯ ದಡ

ರಾಯರೇ, ಕೈ ಮುಗಿದೆ. ಬೇಸಿಕ್ 47,600.

ಲೆಕ್ಕದ ರಾಯರು

ಸರಿ. ಡಿಎ 2025ರ ಜನವರಿಯಿಂದ ಇದ್ದ ಶೇಕಡಾ 55 ಹಿಡಿದರೆ ಒಟ್ಟು 73,780. ಅದರ ಕಾಲು ಭಾಗ 18,445. ಪೂರ್ತಿ 26 ವರ್ಷ ಅಂದರೆ 52 ಅರ್ಧವರ್ಷ. ಎಂಟು ತಿಂಗಳು ಕಳೆದರೆ 25 ವರ್ಷ 4 ತಿಂಗಳು. ಮೂರು ತಿಂಗಳು ದಾಟಿದ ತುಂಡನ್ನು ಒಂದು ಅರ್ಧವರ್ಷ ಅಂತ ಹಿಡಿಯುತ್ತಾರೆ, ಹಾಗಾಗಿ 51. ಅಂದರೆ ಆಫೀಸಿನವರು ಹೇಳಿದ್ದೇ ನಿಜ ಅಂದುಕೊಂಡರೂ ನಷ್ಟ 18,445 ರೂಪಾಯಿ, ಅದೂ ಒಂದೇ ಸಲ. ಇದಕ್ಕೆ ಹೆದರಿ 52ನೇ ವಯಸ್ಸಿಗೆ ಎಂಟು ವರ್ಷದ ನೌಕರಿ ಬಿಟ್ಟುಕೊಡಿ ಅನ್ನೋದು ನ್ಯಾಯವಾ? ಅದಕ್ಕೇ ನನಗೆ ಸಿಟ್ಟು ಬಂದಿದ್ದು. ಸರ್ಟಿಫಿಕೇಟ್ ಇರೋದರಿಂದ ಆ ನಷ್ಟವೂ ನಿಮಗಿಲ್ಲ.

ನೀವು ತಲೆ ಕೆಡಿಸಿಕೊಳ್ಳಬೇಕಾದ್ದು ಆ 41 ದಿನದ ಬಗ್ಗೆ. ಅದರ ಬಗ್ಗೆ ನಾಳೆ ಬರೆಯುತ್ತೇನೆ. ಈಗ ಕಣ್ಣು ಸಾಲದು.

ಕರಿಮಣ್ಣು

ಅಕ್ಕಾರ, ರಾಯರು ಹೇಳಿದ್ದು ನೂರಕ್ಕೆ ನೂರು ಖರೆ. ನಾನೂ ಕೇಂದ್ರದವನೇ, ಧಾರವಾಡದ ಕಡೆಯವನು. ನನಗೆ ಬೆನ್ನುಮೂಳೆ ಟಿಬಿ ಆಗಿ ಹನ್ನೊಂದು ತಿಂಗಳು ಇಒಎಲ್ ಇತ್ತು. ಗುಣ ಆಗಿ ಡ್ಯೂಟಿಗೆ ಬಂದೆ, ಎಲ್ಲಾ ಸರಿ ಇದೆ ಅಂತ ಸುಮ್ಮನಿದ್ದೆ. ಆರು ವರ್ಷ ಆದಮೇಲೆ ಬೇರೆ ಯಾವುದಕ್ಕೋ ಸರ್ವಿಸ್ ಬುಕ್ ತರಿಸಿ ನೋಡಿದೆ. ಆ ಹನ್ನೊಂದು ತಿಂಗಳ ಎದುರಿಗೆ "ಇಒಎಲ್" ಅಂತಷ್ಟೇ ಇದೆ. ಅದರ ಪಕ್ಕ ಪೆನ್ಸಿಲ್‌ನಲ್ಲಿ ಸಣ್ಣದಾಗಿ "ನಾಟ್ ಕ್ವಾಲಿಫೈಯಿಂಗ್?" ಅಂತ ಪ್ರಶ್ನಾರ್ಥಕ ಚಿಹ್ನೆ ಹಾಕಿ ಯಾರೋ ಬರೆದಿದ್ದಾರೆ. ಸಹಿ ಇಲ್ಲ, ತಾರೀಖು ಇಲ್ಲ. ಆದೇಶದ ನಂಬರ್ ಕೂಡ ಬರೆದಿರಲಿಲ್ಲ.

ಮಂಜೂರಾತಿ ಆದೇಶದ ನನ್ನ ಪ್ರತಿ ಅಮ್ಮನ ಟ್ರಂಕಿನಲ್ಲಿ ಸಿಕ್ಕಿತು, ಪುಣ್ಯ. ಅದರಲ್ಲಿ "ವೈದ್ಯಕೀಯ ಪ್ರಮಾಣಪತ್ರದ ಆಧಾರದ ಮೇಲೆ" ಅಂತ ಸ್ಪಷ್ಟವಾಗಿತ್ತು. ಅದನ್ನು ಲಗತ್ತಿಸಿ ಅರ್ಜಿ ಕೊಟ್ಟೆ. ಪೆನ್ಸಿಲ್ ಅಳಿಸಿ, ಕೆಂಪು ಶಾಯಿಯಲ್ಲಿ ಆದೇಶದ ನಂಬರ್ ಹಾಕಿ, "ಪಿಂಚಣಿಗೆ ಪರಿಗಣಿಸಲಾಗುವುದು" ಅಂತ ಬರೆದು ಅಧಿಕಾರಿಗಳು ಸಹಿ ಮಾಡಿದರು. ನಾಲ್ಕು ತಿಂಗಳು ಹಿಡಿಯಿತು. ರಿಟೈರ್ ಆಗುವ ಹೊತ್ತಿಗೆ ನೋಡಿದ್ದರೆ ನನ್ನ ಗತಿ ಏನಾಗುತ್ತಿತ್ತೋ. ನೀವು ಇವತ್ತೇ ಎಲ್ಲಾ ಆದೇಶಗಳ ಜೆರಾಕ್ಸ್ ಮಾಡಿಸಿ, ಎರಡು ಕಡೆ ಇಡಿ.

ಮಲೆನಾಡ ಮಳೆ

ಕೇಂದ್ರದವರಿಗೆ ಐದು ವರ್ಷದವರೆಗೂ ರಜೆ ಹಾಕೋ ಹಕ್ಕಿದೆ ಅಲ್ವಾ? ನಮ್ಮ ಚಿಕ್ಕಪ್ಪ ಹೇಳ್ತಿದ್ದರು. ಹಾಗಿದ್ದಮೇಲೆ ಯಾಕೆ ಚಿಂತೆ, ಆರಾಮಾಗಿ ಇರಲಿ ಬಿಡಿ.

ಲೆಕ್ಕದ ರಾಯರು

ಇಲ್ಲ, ಹಾಗೆ ತಿಳಿದುಕೊಂಡು ಕೂತು ಕೆಟ್ಟವರನ್ನು ನೋಡಿದ್ದೇನೆ. ಐದು ವರ್ಷ ಅನ್ನೋದು ಹಕ್ಕಲ್ಲ, ಅದು ಮಿತಿ. ಯಾವ ರಜೆಯನ್ನಾದರೂ ಸೇರಿಸಿ, ಎಡೆಬಿಡದೆ ಐದು ವರ್ಷ ಮೀರಿ ಕೊಡುವಂತಿಲ್ಲ. ಮೀರಿದರೆ ರಾಜೀನಾಮೆ ಕೊಟ್ಟ ಹಾಗೆ ಅಂತ ಪರಿಗಣಿಸುತ್ತಾರೆ. ಇನ್ನೊಂದು ಅದಕ್ಕಿಂತ ಹತ್ತಿರದ ಅಪಾಯ: ಮಂಜೂರಾದ ರಜೆ ಮುಗಿದಮೇಲೆ ಯಾವ ಅನುಮತಿಯೂ ಇಲ್ಲದೆ ಒಂದು ವರ್ಷ ಮೀರಿ ಗೈರಾದರೂ ಅದೇ ಗತಿ. ಹಾಗೆ ಮಾಡುವ ಮೊದಲು ನೋಟಿಸ್ ಕೊಟ್ಟು ವಿವರಣೆ ಕೇಳಲೇಬೇಕು. ಆದರೆ ಮನೆ ಬದಲಾಯಿಸಿ ನೋಟಿಸ್ ವಾಪಸ್ ಹೋದ ಕೇಸುಗಳು ಎಷ್ಟಿಲ್ಲ.

ರಾಜೀನಾಮೆ ಅಂದರೆ ಹಿಂದಿನ ಸೇವೆ ಪೂರ್ತಿ ಹೋಯ್ತು. ಪಿಂಚಣಿಯೂ ಇಲ್ಲ, ಗ್ರಾಚ್ಯುಟಿಯೂ ಇಲ್ಲ. ಇಪ್ಪತ್ತೈದು ವರ್ಷ ದುಡಿದದ್ದು ಒಂದು ಹಾಳೆಯಲ್ಲಿ ಮುಗಿಯುತ್ತದೆ. ಅದಕ್ಕೇ ಹೇಳೋದು, ರಜೆ ಎಷ್ಟು ಉದ್ದ ಅನ್ನೋದಕ್ಕಿಂತ ಪ್ರತಿ ದಿನಕ್ಕೂ ಒಂದು ಕಾಗದ ಇದೆಯಾ ಅನ್ನೋದು ಮುಖ್ಯ.

ಈಗ 41 ದಿನಕ್ಕೆ ಬರುತ್ತೇನೆ. ಅದಕ್ಕೆ ಎರಡು ದಾರಿ. ಆ ಅವಧಿಯಲ್ಲಿ ಇವರನ್ನು ನೋಡಿದ ಡಾಕ್ಟರ್, ಫಿಸಿಯೋಥೆರಪಿ ಕೇಂದ್ರದ ಚೀಟಿ, ಬಿಲ್ಲು, ಏನಿದೆಯೋ ಎಲ್ಲಾ ಸೇರಿಸಿ. ಡಾಕ್ಟರ್ ಹತ್ತಿರ ಆ ದಿನಗಳ ದಾಖಲೆ ನೋಡಿ ಸರ್ಟಿಫಿಕೇಟ್ ಕೊಡಿ ಅಂತ ಕೇಳಿ. ಅದನ್ನಿಟ್ಟು, ತಡ ಆದ ಕಾರಣ ಬರೆದು, ಆ ದಿನಗಳನ್ನೂ ವೈದ್ಯಕೀಯ ಆಧಾರದ ಅಸಾಧಾರಣ ರಜೆ ಅಂತ ಮಂಜೂರು ಮಾಡಿ ಅಂತ ಅರ್ಜಿ ಕೊಡಿ. ಅದಾಗದಿದ್ದರೂ, ರಜೆ ಇಲ್ಲದ ಗೈರನ್ನು ಹಿಂದಿನ ತಾರೀಖಿನಿಂದ ಇಒಎಲ್ ಆಗಿ ಬದಲಾಯಿಸುವ ಅಧಿಕಾರ ನೇಮಕಾತಿ ಪ್ರಾಧಿಕಾರಕ್ಕೆ ಇದ್ದೇ ಇದೆ. ಆಗ ಆ 41 ದಿನ ಪಿಂಚಣಿ ಲೆಕ್ಕಕ್ಕೆ ಸೇರದೆ ಹೋಗಬಹುದು, ಆದರೆ ಹಿಂದಿನ 25 ವರ್ಷಕ್ಕೆ ಕುತ್ತು ಬರೋದಿಲ್ಲ. ಸುಮ್ಮನೆ ಬಿಟ್ಟರೆ ಮಾತ್ರ "ಅನಧಿಕೃತ ಗೈರು" ಅಂತ ಉಳಿದುಬಿಡುತ್ತದೆ. ಆ ಪದ ಸರ್ವಿಸ್ ಬುಕ್ಕಿನಲ್ಲಿ ಕೂರಲು ಬಿಡಬೇಡಿ.

ತುಂಗೆಯ ದಡ

ಫಿಸಿಯೋಥೆರಪಿ ಮಾಡಿಸಿದ ದಿನಗಳ ಕಾರ್ಡ್ ಇದೆ ರಾಯರೇ. ಪ್ರತಿ ದಿನ ಅವರು ಸಣ್ಣ ಸಹಿ ಹಾಕುತ್ತಿದ್ದರು. ಮಗಳು ಅದರ ಹಿಂದೆ ರಸಾಯನಶಾಸ್ತ್ರದ ಸೂತ್ರ ಬರೆದುಕೊಂಡಿದ್ದಾಳೆ, ಆದರೂ ನಡೆಯುತ್ತಾ?

ಲೆಕ್ಕದ ರಾಯರು

ಧಾರಾಳವಾಗಿ ನಡೆಯುತ್ತದೆ. ಚಿನ್ನ ಇದ್ದ ಹಾಗೆ ಅದು.

ಮೇಷ್ಟ್ರು, ಹಾಸನ

ರಾಜ್ಯ ಸರ್ಕಾರದ ನೌಕರರು ಇದನ್ನು ಓದಿ ನಮಗೂ ಹೀಗೇ ಅಂದುಕೊಳ್ಳಬೇಡಿ, ಅದಕ್ಕೇ ಬರೆಯುತ್ತಿದ್ದೇನೆ. ನಾನು ಪ್ರೌಢಶಾಲೆ ಶಿಕ್ಷಕ. ನಮಗೆ ಕೆಸಿಎಸ್‌ಆರ್, ಅಂದರೆ ಕರ್ನಾಟಕ ನಾಗರಿಕ ಸೇವಾ ನಿಯಮಗಳು. ಕನಿಷ್ಠ ಹತ್ತು ವರ್ಷ ಅನ್ನೋದು ನಮಗೂ ಇದೆ, ಆದರೆ ಪೂರ್ತಿ ಪಿಂಚಣಿಗೆ 30 ವರ್ಷ ಅರ್ಹ ಸೇವೆ ಬೇಕು. ಮೊದಲು 33 ಇತ್ತು. 30ಕ್ಕಿಂತ ಕಡಿಮೆ ಇದ್ದರೆ ಅದೇ ಅನುಪಾತದಲ್ಲಿ ಪಿಂಚಣಿ ಇಳಿಯುತ್ತದೆ. ಹಾಗಾಗಿ ನಮಗೆ ಒಂದು ಅರ್ಧವರ್ಷ ತಪ್ಪಿದರೂ ಅದು ಗ್ರಾಚ್ಯುಟಿಗೆ ಮಾತ್ರ ಅಲ್ಲ, ತಿಂಗಳ ಪಿಂಚಣಿಗೂ ತಟ್ಟುತ್ತದೆ, ಸಾಯುವವರೆಗೆ ತಟ್ಟುತ್ತದೆ.

ನನ್ನ ಸಹೋದ್ಯೋಗಿಯೊಬ್ಬರು 34ನೇ ವಯಸ್ಸಿಗೆ ಕೆಲಸಕ್ಕೆ ಸೇರಿದವರು. 60ಕ್ಕೆ ನಿವೃತ್ತಿ ಅಂದರೆ ಏನು ಮಾಡಿದರೂ 26 ವರ್ಷ. ಅದರಲ್ಲಿ ಕಿಡ್ನಿ ತೊಂದರೆಗೆ ಒಂದೂವರೆ ವರ್ಷ ಸಂಬಳ ಇಲ್ಲದ ರಜೆ. ಆ ಒಂದೂವರೆ ವರ್ಷ ಸೇರುತ್ತಾ ಇಲ್ಲವಾ ಅನ್ನೋದರ ಮೇಲೆ ಅವರ ಪಿಂಚಣಿ 52 ಭಾಗವೋ 49 ಭಾಗವೋ ಅಂತ ನಿಂತಿತ್ತು. 60 ಭಾಗ ಇದ್ದರೆ ಪೂರ್ತಿ. ಬಿಇಒ ಕಚೇರಿ, ಖಜಾನೆ, ಎಜಿ (ಮಹಾಲೇಖಪಾಲರ) ಆಫೀಸು ಅಂತ ಕಾಗದ ಓಡಾಡಿ, ಕೊನೆಗೆ ಮಂಜೂರಾತಿ ಆದೇಶದಲ್ಲಿ "ವೈದ್ಯಕೀಯ" ಅನ್ನೋ ಪದ ಬಿಟ್ಟುಹೋಗಿದೆ ಅಂತ ಗೊತ್ತಾಯ್ತು. ತಿದ್ದುಪಡಿ ಆದೇಶ ಮಾಡಿಸಿದಮೇಲೆ ಬಗೆಹರಿಯಿತು. ಆದರೆ ಮಂಜೂರು ಮಾಡಿದ ಅಧಿಕಾರಿ ಅಷ್ಟರಲ್ಲಿ ರಿಟೈರ್ ಆಗಿದ್ದರು, ಅದಕ್ಕೇ ಒಂದು ವರ್ಷ ಹಿಡಿಯಿತು.

ಒಂದೇ ಮಾತು: ಆದೇಶ ಕೈಗೆ ಬಂದ ದಿನವೇ ಓದಿ. ಯಾವ ರಜೆ, ಯಾವ ನಿಯಮ, ಎಲ್ಲಿಂದ ಎಲ್ಲಿಗೆ, ಯಾವ ಆಧಾರದ ಮೇಲೆ. ನಾಲ್ಕೂ ಇರಬೇಕು.

ಹೊಸ ದಾದಿ

ನಾನು ರಾಜ್ಯದ ಆರೋಗ್ಯ ಇಲಾಖೆಯಲ್ಲಿ ಶುಶ್ರೂಷಕಿ, 2011ರಲ್ಲಿ ಸೇರಿದ್ದು, ಹೊಸ ಪಿಂಚಣಿ ಪದ್ಧತಿ, ಅಂದರೆ ಎನ್‌ಪಿಎಸ್. ಸ್ತನ ಕ್ಯಾನ್ಸರ್‌ಗೆ ಆಪರೇಷನ್, ಕೀಮೋ ಎಲ್ಲಾ ಆಯ್ತು, ಐದು ತಿಂಗಳು ಸಂಬಳ ಇಲ್ಲದ ರಜೆಯಲ್ಲಿದ್ದೆ. ನಮಗೆ ಹೇಗೆ?

ಮೇಷ್ಟ್ರು, ಹಾಸನ

ತಂಗಿ, ಮೊದಲು ಆರೋಗ್ಯ. ಈಗ ಹುಷಾರಾಗಿದ್ದೀಯಾ ಅಂದುಕೊಂಡಿದ್ದೇನೆ.

ನಮ್ಮ ರಾಜ್ಯದಲ್ಲಿ 2006ರ ಏಪ್ರಿಲ್ 1ರಿಂದ ಸೇರಿದವರಿಗೆ ಎನ್‌ಪಿಎಸ್. ಅಲ್ಲಿ ವರ್ಷ ಎಣಿಸೋದು ಅಂತ ಇಲ್ಲ, ಖಾತೆಯಲ್ಲಿ ಎಷ್ಟು ದುಡ್ಡು ಸೇರಿದೆ ಅನ್ನೋದೇ ಪಿಂಚಣಿ. ಬೇಸಿಕ್ ಮತ್ತು ಡಿಎಯ ಶೇಕಡಾ 10 ನಿನ್ನ ಸಂಬಳದಿಂದ ಹೋಗುತ್ತದೆ, ಸರ್ಕಾರ 14 ಹಾಕುತ್ತದೆ. ಸಂಬಳವೇ ಇಲ್ಲದ ತಿಂಗಳು ನಿನ್ನ ಕಡೆಯಿಂದ ಕಟಾವು ಆಗೋದಿಲ್ಲ. ಹಾಗಾಗಿ ಹಳೇ ಪಿಂಚಣಿಯವರಿಗೆ ಕಾಗದ ಸರಿ ಇದ್ದರೆ ನಷ್ಟ ಆಗದ ಜಾಗದಲ್ಲೇ ನಿಮಗೆ ಪೆಟ್ಟು ಬೀಳುತ್ತದೆ. ಇದು ನನಗೆ ಬಹಳ ಬೇಜಾರಿನ ವಿಷಯ. ಕಾಯಿಲೆ ಬಿದ್ದವರಿಗೇ ಮುಪ್ಪಿನಲ್ಲಿ ಕಡಿಮೆ ಸಿಗೋದು ಅಂದರೆ ಏನರ್ಥ?

ನಿನ್ನ ಪ್ರಾನ್ ಖಾತೆಯ, ಅಂದರೆ ಎನ್‌ಪಿಎಸ್ ಖಾತೆಯ, ಹೇಳಿಕೆ ತೆಗೆದು ತಿಂಗಳು ತಿಂಗಳೂ ನೋಡು. ಕಮ್ಯುಟೆಡ್ ರಜೆಯಲ್ಲಿದ್ದ, ಅಂದರೆ ಸಂಬಳ ಬಂದ ತಿಂಗಳುಗಳಲ್ಲೂ ಎಷ್ಟೋ ಸಲ ಸರ್ಕಾರದ ಪಾಲು ಬಿದ್ದಿರೋದಿಲ್ಲ. ಸಂಬಳ ತಡವಾಗಿ ಪೂರಕ ಬಿಲ್ಲಿನಲ್ಲಿ ಆದಾಗ ಇದು ಜಾಸ್ತಿ. ಅದನ್ನು ಡಿಡಿಒ (ಸಂಬಳದ ಬಿಲ್ಲು ಮಾಡುವ ಅಧಿಕಾರಿ) ಹತ್ತಿರ ಕೇಳಿ ಹಾಕಿಸಿಕೊಳ್ಳಬೇಕು.

ಹೊಸ ದಾದಿ

ಹುಷಾರಾಗಿದ್ದೀನಿ ಸರ್, ಡ್ಯೂಟಿಗೂ ಬಂದಿದ್ದೀನಿ. ಈಗಷ್ಟೇ ನೋಡಿದೆ, ಎರಡು ತಿಂಗಳ ಸರ್ಕಾರದ ಪಾಲು ನಿಜವಾಗಲೂ ಇಲ್ಲ. ಸೋಮವಾರ ಕೇಳ್ತೀನಿ.

ಬೆಳಗಿನ ಬಸ್ಸು

ನಾನು ಇಲ್ಲಿ ಬರೆಯೋದು ಕಡಿಮೆ. ಆದರೆ ತುಂಗೆಯ ದಡ ಮೇಡಂ ಬರೆದದ್ದು ಓದಿ ರಾತ್ರಿ ನಿದ್ದೆ ಬರಲಿಲ್ಲ.

ನನ್ನ ಗಂಡ ಕೇಂದ್ರ ನೌಕರರು, ಇಒಎಲ್‌ನಲ್ಲಿ ಇರುವಾಗಲೇ ತೀರಿಕೊಂಡರು. ಲಿವರ್. ಹದಿನಾಲ್ಕು ದಿನ ಆದಮೇಲೆ ಆಫೀಸಿಗೆ ಹೋದೆ. "ಅವರು ಸಂಬಳ ಇಲ್ಲದ ರಜೆಯಲ್ಲಿದ್ದರು, ಕೊನೇ ಸಂಬಳ ಸೊನ್ನೆ, ಫ್ಯಾಮಿಲಿ ಪಿಂಚಣಿ ಹೇಗೆ ಹಾಕೋದು ಗೊತ್ತಾಗ್ತಿಲ್ಲ" ಅಂದರು. ನನಗೆ ಅಲ್ಲೇ ಕಾಲು ಕುಸಿಯಿತು. ಆಮೇಲೆ ಅವರ ಹಳೇ ಸ್ನೇಹಿತರೊಬ್ಬರು ನಿಯಮದ ಪುಸ್ತಕ ಹಿಡಿದುಕೊಂಡು ನನ್ನ ಜೊತೆ ಬಂದರು. ರಜೆಯಲ್ಲಿರುವವನು ನೌಕರಿಯಲ್ಲಿರುವವನೇ. ರಜೆಯಲ್ಲಿ ತೀರಿಕೊಂಡರೂ ಸೇವೆಯಲ್ಲಿದ್ದಾಗಲೇ ತೀರಿಕೊಂಡ ಹಾಗೆ. ರಜೆಗೆ ಹೋಗುವ ಮೊದಲು ತೆಗೆದುಕೊಳ್ಳುತ್ತಿದ್ದ ಪೂರ್ತಿ ಬೇಸಿಕ್ ಮೇಲೇ ಲೆಕ್ಕ. ಮೊದಲ ಹತ್ತು ವರ್ಷ ಬೇಸಿಕ್‌ನ ಅರ್ಧ, ಆಮೇಲೆ ಶೇಕಡಾ 30.

ಗ್ರಾಚ್ಯುಟಿ ಕೂಡ ರಿಟೈರ್ ಆದವರ ಲೆಕ್ಕದ ಹಾಗಲ್ಲ. ಇಪ್ಪತ್ತು ವರ್ಷ ಸೇವೆ ಆಗಿದ್ದರೆ ಪ್ರತಿ ಅರ್ಧವರ್ಷಕ್ಕೆ ಅರ್ಧ ಸಂಬಳ, ಹೆಚ್ಚೆಂದರೆ 33 ತಿಂಗಳ ಸಂಬಳದವರೆಗೆ.

ಇದನ್ನು ಹೇಳಿ ನಿಮ್ಮನ್ನು ಹೆದರಿಸೋಕೆ ಬರೆದಿಲ್ಲ ಮೇಡಂ. ನಿಮ್ಮ ಮನೆಯವರು ಚೆನ್ನಾಗಿ ಆಗುತ್ತಾರೆ. ಅವರ ಆಫೀಸಿನ ಕಡತದಲ್ಲಿ ಕುಟುಂಬದ ವಿವರದ ಫಾರಂ ಮತ್ತು ನಾಮಿನೇಷನ್ ಸರಿ ಇದೆಯಾ, ಮಗಳ ಹೆಸರು ಇದೆಯಾ ಅಂತ ಮಾತ್ರ ನೋಡಿಕೊಳ್ಳಿ. ನಮ್ಮದರಲ್ಲಿ ಮದುವೆಗೆ ಮುಂಚಿನ ನಾಮಿನೇಷನ್ನೇ ಇತ್ತು, ಅತ್ತೆಯ ಹೆಸರಿತ್ತು. ಅವರೂ ತೀರಿಹೋಗಿದ್ದರು.

ತುಂಗೆಯ ದಡ

ಬೆಳಗಿನ ಬಸ್ಸು ಅವರೇ, ಏನು ಹೇಳಬೇಕೋ ತಿಳಿಯುತ್ತಿಲ್ಲ. ಇಷ್ಟು ಕಷ್ಟದಲ್ಲಿ ನಮಗಾಗಿ ಬರೆದಿರಿ. ನಾಮಿನೇಷನ್ ನೋಡಿಸುತ್ತೇನೆ.

ಕೋರ್ಟು ಮೆಟ್ಟಿಲು

ವಕೀಲ, ಸೇವಾ ವಿಷಯಗಳ ಕೇಸು ನೋಡುತ್ತೇನೆ. ಇಲ್ಲಿ ಇನ್ನೂ ಯಾರೂ ಹೇಳದ ಒಂದು ದೊಡ್ಡ ವಿಷಯ ಇದೆ.

2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯ 20ನೇ ಕಲಂ ಓದಿ. ನೌಕರಿಯಲ್ಲಿದ್ದಾಗ ಅಂಗವೈಕಲ್ಯ ಬಂದವರನ್ನು ಸರ್ಕಾರ ಕೆಲಸದಿಂದ ತೆಗೆಯುವಂತಿಲ್ಲ, ಹುದ್ದೆ ಇಳಿಸುವಂತಿಲ್ಲ. ಇರುವ ಕೆಲಸ ಮಾಡಲು ಆಗದಿದ್ದರೆ ಅದೇ ಸಂಬಳದ ಬೇರೆ ಕೆಲಸಕ್ಕೆ ಹಾಕಬೇಕು. ಬೇರೆ ಕೆಲಸವೂ ಇಲ್ಲದಿದ್ದರೆ, ಸರಿಯಾದ ಹುದ್ದೆ ಸಿಗುವವರೆಗೆ ಅಥವಾ ನಿವೃತ್ತಿ ವಯಸ್ಸಿನವರೆಗೆ ಹೆಚ್ಚುವರಿ ಹುದ್ದೆ ಸೃಷ್ಟಿಸಿ ಇಟ್ಟುಕೊಳ್ಳಬೇಕು. 1995ರ ಹಳೇ ಕಾಯ್ದೆಯಲ್ಲಿ ಇದೇ 47ನೇ ಕಲಂ ಆಗಿತ್ತು. 2003ರಲ್ಲಿ ಸುಪ್ರೀಂ ಕೋರ್ಟು ಕುನಾಲ್ ಸಿಂಗ್ ಕೇಸಿನಲ್ಲಿ ಇದನ್ನೇ ಎತ್ತಿ ಹಿಡಿಯಿತು. ಕಾಲು ಕಳೆದುಕೊಂಡ ಕಾನ್‌ಸ್ಟೇಬಲ್ ಒಬ್ಬರನ್ನು ಅಶಕ್ತ ಅಂತ ಮನೆಗೆ ಕಳಿಸಿದ್ದರು. ಅಶಕ್ತತಾ ಪಿಂಚಣಿ ಸಿಗುತ್ತದೆ ಅನ್ನೋ ಕಾರಣಕ್ಕೆ ಈ ರಕ್ಷಣೆ ತಪ್ಪಿಸೋಕೆ ಆಗಲ್ಲ ಅಂತ ಕೋರ್ಟು ಹೇಳಿತು.

ನಿಮ್ಮ ಯಜಮಾನರು ತಾವಾಗಿ ವಿಆರ್‌ಎಸ್ ಬರೆದುಕೊಟ್ಟರೆ ಈ ರಕ್ಷಣೆಯನ್ನು ತಾವೇ ಬಿಟ್ಟುಕೊಟ್ಟ ಹಾಗೆ. ಜೊತೆಗೆ ಇನ್ನೊಂದು. ಕೇಂದ್ರದಲ್ಲಿ 55 ವರ್ಷದೊಳಗೆ ವೈದ್ಯಕೀಯ ಕಾರಣಕ್ಕೆ ನಿವೃತ್ತಿ ಆದವರ ಕುಟುಂಬಕ್ಕೆ ಅನುಕಂಪದ ನೌಕರಿ ಕೇಳುವ ಅವಕಾಶ ಇದೆ. ಸಿಗೋದು ಕಷ್ಟ, ನೇರ ನೇಮಕಾತಿಯ ಶೇಕಡಾ 5ರ ಮಿತಿ ಇದೆ. ಆದರೂ ಬಾಗಿಲು ಅಂತ ಒಂದಿದೆ. ವಿಆರ್‌ಎಸ್‌ನಲ್ಲಿ ಆ ಬಾಗಿಲೂ ಇಲ್ಲ.

41 ದಿನದ ಬಗ್ಗೆ ಅವರು ಚಾರ್ಜ್‌ಶೀಟ್ ಅಂತ ಹೆದರಿಸಿದರೆ, 2012ರ ಕೃಷ್ಣಕಾಂತ್ ಪರ್ಮಾರ್ ತೀರ್ಪು ನೆನಪಿಡಿ. ಅನುಮತಿ ಇಲ್ಲದ ಗೈರೆಲ್ಲಾ ಬೇಕೆಂದೇ ಮಾಡಿದ ಗೈರಲ್ಲ. ಕಾಯಿಲೆ, ಅಪಘಾತ, ಆಸ್ಪತ್ರೆ ಇಂಥ ಕಾರಣ ಇರಬಹುದು. ಬೇಕೆಂದೇ ಗೈರಾದರು ಅಂತ ಇಲಾಖೆ ಸಾಬೀತು ಮಾಡಬೇಕು ಅಂತ ಅದರಲ್ಲಿದೆ. ಅದಕ್ಕೂ ಹಿಂದೆ, 1971ರಲ್ಲೇ, ಬಿಹಾರದ ದೇವಕಿನಂದನ್ ಪ್ರಸಾದ್ ಕೇಸು. ಐದು ವರ್ಷ ಕೆಲಸಕ್ಕೆ ಬಂದಿಲ್ಲ, ಹಾಗಾಗಿ ನೌಕರಿ ತಾನಾಗಿ ಹೋಯ್ತು ಅಂತ ಅವರಿಗೆ ಆದೇಶ ಕೊಟ್ಟಿದ್ದರು. ಅವರ ಮಾತು ಕೇಳದೆ ಹಾಗೆ ಮಾಡುವಂತಿಲ್ಲ ಅಂತ ಕೋರ್ಟು ಅದನ್ನು ರದ್ದು ಮಾಡಿತು. ಪಿಂಚಣಿ ಸರ್ಕಾರ ಮನಸ್ಸು ಬಂದಾಗ ಕೊಡುವ ಭಿಕ್ಷೆಯಲ್ಲ, ನೌಕರನ ಆಸ್ತಿ ಅಂತ ಹೇಳಿದ್ದೂ ಅದೇ ತೀರ್ಪಿನಲ್ಲಿ.

ಕೋರ್ಟಿಗೆ ಹೋಗಿ ಅಂತಿಲ್ಲ. ಅರ್ಜಿಯಲ್ಲಿ 20ನೇ ಕಲಂ ಅಂತ ಒಂದು ಸಾಲು ಬರೆದರೆ ಸಾಕು, ಎಷ್ಟೋ ಕಡೆ ಮಾತಿನ ಧಾಟಿಯೇ ಬದಲಾಗುತ್ತದೆ. ಅಂಗವೈಕಲ್ಯದ ಪ್ರಮಾಣಪತ್ರಕ್ಕೆ, ಅಂದರೆ ಯುಡಿಐಡಿ ಕಾರ್ಡಿಗೆ, ಈಗಲೇ ಅರ್ಜಿ ಹಾಕಿ.

ಲೆಕ್ಕದ ರಾಯರು

ವಕೀಲರು ಒಳ್ಳೇ ಮಾತು ಹೇಳಿದರು. ಅದಕ್ಕೆ ಸೇರಿಸಿ ನನ್ನದೊಂದು. ರಾತ್ರಿಯೆಲ್ಲಾ ನಿಮ್ಮ ಲೆಕ್ಕವೇ ತಲೆಯಲ್ಲಿತ್ತು ಅಮ್ಮ.

ನಿಮ್ಮವರು ರಜೆಯಲ್ಲಿದ್ದಾಗ ಎರಡು ಜುಲೈ ಕಳೆದಿದೆ, 2024 ಮತ್ತು 2025. ಅಂದರೆ ಎರಡು ಇನ್‌ಕ್ರಿಮೆಂಟ್. ವೈದ್ಯಕೀಯ ಇಒಎಲ್ ಇನ್‌ಕ್ರಿಮೆಂಟಿಗೂ ಲೆಕ್ಕಕ್ಕೆ ಬರುತ್ತದೆ. ಆದರೆ ರಜೆಯಲ್ಲಿರುವಾಗ ಬಂದ ಇನ್‌ಕ್ರಿಮೆಂಟ್ ಕೈಗೆ ಸಿಗೋದು ಡ್ಯೂಟಿಗೆ ಹಾಜರಾದ ದಿನದಿಂದ. ರಜೆಯಲ್ಲಿದ್ದುಕೊಂಡೇ ನಿವೃತ್ತಿ ಆದರೆ, ಕೈಗೆ ಸಿಗದ ಇನ್‌ಕ್ರಿಮೆಂಟ್ ಪಿಂಚಣಿ ಲೆಕ್ಕಕ್ಕೆ ಬರೋದಿಲ್ಲ. ಇಎಲ್‌ನ ಮೊದಲ 120 ದಿನದೊಳಗೆ ಬಿದ್ದಿದ್ದರೆ ವಿನಾಯಿತಿ ಇತ್ತು. ಜನವರಿಯಿಂದ ಜುಲೈಗೆ ಅದೂ ದಾಟಿದೆ.

ಅಂದರೆ ಏನಾಯ್ತು? ಈಗ ಆ ಹಾಳೆಗೆ ಸಹಿ ಹಾಕಿ, ರಜೆಯಲ್ಲೇ ವಿಆರ್‌ಎಸ್ ತೆಗೆದುಕೊಂಡರೆ ಪಿಂಚಣಿ 47,600ರ ಅರ್ಧ, 23,800. ಫಿಟ್‌ನೆಸ್ ಸರ್ಟಿಫಿಕೇಟ್ ಕೊಟ್ಟು ಹಾಜರಾದರೆ ಬೇಸಿಕ್ 50,500 ಆಗುತ್ತದೆ, ಅದರ ಅರ್ಧ 25,250. ತಿಂಗಳಿಗೆ 1,450 ವ್ಯತ್ಯಾಸ, ಅದರ ಮೇಲೆ ಡಿಎ, ಜೀವಮಾನ ಪೂರ್ತಿ. ಆಮೇಲೆ ನಿಮಗೂ ಫ್ಯಾಮಿಲಿ ಪಿಂಚಣಿಯಲ್ಲಿ. ರಜೆ ಉದ್ದ ಆದ್ದಕ್ಕೆ ಒಂದು ರೂಪಾಯಿಯೂ ಹೋಗೋದಿಲ್ಲ, ಆತುರದ ಸಹಿಯಿಂದ ಹೋಗೋದು ಇಷ್ಟು.

ಇನ್ನೊಂದು ಹೇಳೋದು ಮರೆತಿದ್ದೆ. ನಿಮ್ಮವರಿಗೆ ಲೀವ್ ನಾಟ್ ಡ್ಯೂ ಅಂತ ಯಾರೂ ಹೇಳಲಿಲ್ಲವಾ? ಮುಂದೆ ಗಳಿಸಲಿರುವ ಹಾಫ್ ಪೇ ರಜೆಯನ್ನು ಮುಂಗಡವಾಗಿ ಕೊಡೋದು. ಕಾಯಿಲೆಗೆ ಮಾತ್ರ, ಇಡೀ ಸೇವೆಯಲ್ಲಿ 360 ದಿನ. ಅರ್ಧ ಸಂಬಳ ಬರುತ್ತಿತ್ತು. ನೌಕರ ಡ್ಯೂಟಿಗೆ ವಾಪಸ್ ಬರುತ್ತಾನೆ ಅನ್ನೋ ಭರವಸೆ ಮಂಜೂರು ಮಾಡುವವರಿಗೆ ಇರಬೇಕು, ವಾಪಸ್ ಬಂದಮೇಲೆ ಆ ದಿನಗಳನ್ನು ಗಳಿಸಿ ತೀರಿಸಬೇಕು. ಒಂದು ರಜೆಯನ್ನು ಇನ್ನೊಂದಾಗಿ ಬದಲಾಯಿಸಲು ಡ್ಯೂಟಿಗೆ ಬಂದ 30 ದಿನದೊಳಗೆ ಅರ್ಜಿ ಕೊಡಬಹುದು. ನಿಮ್ಮವರು ಇನ್ನೂ ಹಾಜರೇ ಆಗಿಲ್ಲ, ಹಾಗಾಗಿ ಸಮಯ ಇದೆ. ಆದರೆ ಎಚ್ಚರ, ಇದನ್ನು ತೆಗೆದುಕೊಂಡು ಡ್ಯೂಟಿಗೆ ಬರದೆ ವಿಆರ್‌ಎಸ್ ಕೇಳಿದರೆ ಆ ರಜೆಯ ಸಂಬಳ ವಾಪಸ್ ಕಟ್ಟಬೇಕಾಗುತ್ತದೆ. ಕಾಯಿಲೆಯಿಂದ ಮುಂದೆ ಕೆಲಸಕ್ಕೆ ಅನರ್ಹ ಅಂತಾದರೆ ಕಟ್ಟಬೇಕಿಲ್ಲ.

ಕರಿಮಣ್ಣು

ಇದು ನನಗೂ ಗೊತ್ತಿರಲಿಲ್ಲ ರಾಯರೇ. ಹನ್ನೊಂದು ತಿಂಗಳು ಹೆಂಡತಿಯ ಬಳೆ ಅಡವಿಟ್ಟು ಕಳೆದೆ ನಾನು. ಒಬ್ಬರಾದರೂ ಹೇಳಿದ್ದರೆ.

ಮಲೆನಾಡ ಮಳೆ

ಸರ್ವಿಸ್ ಬುಕ್ ನೋಡೋಕೆ ಕೊಡ್ತಾರಾ? ನಮ್ಮಲ್ಲಿ ಕೇಳಿದರೆ ಬೀಗ ಹಾಕಿದೆ ಅಂತಾರೆ.

ಲೆಕ್ಕದ ರಾಯರು

ಕೊಡಲೇಬೇಕು. ಕೇಂದ್ರದಲ್ಲಿ ವರ್ಷಕ್ಕೊಮ್ಮೆ ನೌಕರನಿಗೆ ತೋರಿಸಿ ಸಹಿ ತೆಗೆದುಕೊಳ್ಳಬೇಕು ಅಂತ ನಿಯಮವೇ ಇದೆ. ಜೊತೆಗೆ 18 ವರ್ಷ ಸೇವೆ ಆದಾಗ ಒಮ್ಮೆ, ನಿವೃತ್ತಿಗೆ ಐದು ವರ್ಷ ಇರುವಾಗ ಮತ್ತೊಮ್ಮೆ, ಇಷ್ಟು ಅರ್ಹ ಸೇವೆ ಆಗಿದೆ ಅಂತ ಪರಿಶೀಲನೆ ಮಾಡಿ ಸರ್ಟಿಫಿಕೇಟ್ ಕೊಡಬೇಕು. ಬಾಯಿಮಾತಿಗೆ ಆಗದಿದ್ದರೆ 10 ರೂಪಾಯಿಯ ಆರ್‌ಟಿಐ ಅರ್ಜಿ ಹಾಕಿ, ನಿಮ್ಮದೇ ದಾಖಲೆಯ ಪ್ರತಿ ಕೇಳಿ. 30 ದಿನದಲ್ಲಿ ಉತ್ತರ ಬರಬೇಕು.

ತುಂಗೆಯ ದಡ

ಎಲ್ಲರಿಗೂ ಹನ್ನೆರಡು ದಿನ ಆದಮೇಲೆ ಬರೆಯುತ್ತಿದ್ದೇನೆ.

ಇವರನ್ನೇ ಆಟೋದಲ್ಲಿ ಕರೆದುಕೊಂಡು ಆಫೀಸಿಗೆ ಹೋದೆ. ಮೆಟ್ಟಿಲು ಹತ್ತೋಕೆ ಕಾಲು ಗಂಟೆ ಹಿಡಿಯಿತು. ಫೈಲ್ ನೋಡುವವರ ಹತ್ತಿರ ಹೋಗಲಿಲ್ಲ, ನೇರ ಅಧಿಕಾರಿಗಳ ಹತ್ತಿರ ಹೋದೆವು. 41 ದಿನದ ಅರ್ಜಿ, ಡಾಕ್ಟರ ಸರ್ಟಿಫಿಕೇಟ್, ಫಿಸಿಯೋಥೆರಪಿ ಕಾರ್ಡ್ ಕೊಟ್ಟೆ. ಅವರು ಕಾರ್ಡ್ ತಿರುಗಿಸಿ ಸೂತ್ರ ನೋಡಿ, ಮಗಳು ಏನು ಓದುತ್ತಿದ್ದಾಳೆ ಅಂತ ಕೇಳಿದರು. ಅರ್ಜಿಯ ಎರಡನೇ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಂಡೆ.

ಸರ್ವಿಸ್ ಬುಕ್ ತರಿಸಿದರು. ಎಂಟು ತಿಂಗಳ ರಜೆಗೆ ಮೂರು ಆದೇಶ ಇತ್ತಲ್ಲ, ಅದರಲ್ಲಿ ಎರಡು ಮಾತ್ರ ಪುಸ್ತಕದಲ್ಲಿ ಬರೆದಿದ್ದರು. ಮೂರನೆಯದು ಇಲ್ಲವೇ ಇಲ್ಲ. ನನ್ನ ಹತ್ತಿರ ಇದ್ದ ಜೆರಾಕ್ಸ್ ತೋರಿಸಿದೆ. ನಮ್ಮ ಎದುರಿಗೇ ಬರೆಸಿದರು. ನಾಮಿನೇಷನ್ ಕೂಡ ಹೊಸದಾಗಿ ಕೊಟ್ಟೆವು. ಇವರು ಎಡಗೈಯಲ್ಲಿ ಸಹಿ ಹಾಕೋದು ಕಲಿತಿದ್ದಾರೆ, ಆ ಸಹಿಯನ್ನು ಅಧಿಕಾರಿಗಳೇ ದೃಢೀಕರಿಸಿದರು.

ಡ್ಯೂಟಿಗೆ ಬರೋ ವಿಷಯಕ್ಕೆ ಮೆಡಿಕಲ್ ಬೋರ್ಡಿಗೆ ಬರೆಯುತ್ತಾರಂತೆ. ಪೆನ್ನು ಹಿಡಿಯೋ ಕೆಲಸ ಬೇಡ, ಕೌಂಟರ್ ಒಳಗೆ ಕೂತು ಕಂಪ್ಯೂಟರ್ ನೋಡೋ ಕೆಲಸ ಕೊಡಬಹುದು ಅಂದರು. 20ನೇ ಕಲಂ ಅಂತ ಅರ್ಜಿಯಲ್ಲಿ ಬರೆದಿದ್ದೆ, ಅದನ್ನು ಎರಡು ಸಲ ಓದಿದರು. ಲೀವ್ ನಾಟ್ ಡ್ಯೂ ಅರ್ಜಿ ಡ್ಯೂಟಿಗೆ ಹಾಜರಾದಮೇಲೆ ಕೊಡಿ, ನೋಡೋಣ ಅಂದಿದ್ದಾರೆ.

ಆ ಟೈಪ್ ಮಾಡಿದ ಹಾಳೆ ಇನ್ನೂ ಬೀರುವಿನಲ್ಲೇ ಇದೆ ರಾಯರೇ. ಬೋರ್ಡಿನ ತಾರೀಖು ಬಂದ ತಕ್ಷಣ ಬರೆಯುತ್ತೇನೆ. ಅಲ್ಲಿಗೆ ಹಳೇ ಸ್ಕ್ಯಾನ್ ರಿಪೋರ್ಟ್ ಎಲ್ಲಾ ಬೇಕಾ, ಅಥವಾ ಈಚಿನದು ಸಾಕಾ?

ಲೆಕ್ಕದ ರಾಯರು

ಎಲ್ಲಾ ತೆಗೆದುಕೊಂಡು ಹೋಗಿ ಅಮ್ಮ. ಮೊದಲ ದಿನದ್ದರಿಂದ ಹಿಡಿದು, ತಾರೀಖಿನ ಪ್ರಕಾರ ಜೋಡಿಸಿ. ಮೂಲ ಪ್ರತಿ ಕೈಬಿಡಬೇಡಿ, ಜೆರಾಕ್ಸ್ ಕೊಡಿ.